ಅವರು ರಷ್ಯಾದವರಲ್ಲ, ಚಿತ್ರವೂ ಮುಗಿಯಲಿಲ್ಲ

ಮಾನ್ಯರೇ,

ನಮ್ಮ ಪುರಭವನದಲ್ಲಿ ನಡೆದ ‘ಸೈನಿಕನ ತಂದೆ’ ಚಿತ್ರ ಪ್ರದರ್ಶನದ ವರದಿಯನ್ನು ಸೋಮವಾರದ ಪತ್ರಿಕೆಯಲ್ಲಿ ಓದಿದೆ. ‘ರಷ್ಯಾದ ಮೇರುನಟನ ಚಿತ್ರಕ್ಕೆ ಕಿಕ್ಕಿರಿದ ಸಭಾಂಗಣ’ ಎಂಬ ತಲೆಬರಹ. ಮುಂದಿನ ಮೂರು ಸಾಲುಗಳಿಗೆ ಹಗ್ಗ ಕಟ್ಟಿ ಗಣ್ಯರಿಗೆಂದು ಖಾಲಿ ಇಟ್ಟು, ಉಳಿದವರನ್ನು ಗೋಡೆಗೆ ಒರಗಿಸಿ ನಿಲ್ಲಿಸಿದರೆ ಯಾವ ಸಭಾಂಗಣ ಕಿಕ್ಕಿರಿಯುವುದಿಲ್ಲ? ಚಿತ್ರ ನಡುವೆಯೇ ನಿಂತುಹೋದದ್ದು ಮಾತ್ರ ವರದಿಯಲ್ಲಿಲ್ಲ. ಇರುವುದಾದರೂ ಹೇಗೆ? ಕೇಸರಿಬಾತ್ ಮುಗಿದೊಡನೆ ಪತ್ರಕರ್ತರ ಸಾಲೂ ಖಾಲಿಯಾಗಿತ್ತು.

ಆ ಮೇರುನಟ ಸೆರ್ಗೋ ಜಕಾರಿಯಾಡ್ಜೆ ರಷ್ಯಾದವರಲ್ಲ, ಜಾರ್ಜಿಯಾ ದೇಶದವರು. 1909ರಲ್ಲಿ ಹುಟ್ಟಿದ್ದು ಈಗಿನ ಅಜರ್‌ಬೈಜಾನಿನ ಬಾಕುವಿನಲ್ಲಿ, ಹೆಸರು ಮಾಡಿದ್ದು ಜಾರ್ಜಿಯಾದ ರಾಜಧಾನಿ ಟಿಬಿಲಿಸಿಯ ಮರ್ಜಾನಿಶ್ವಿಲಿ ಮತ್ತು ರುಸ್ತಾವೇಲಿ ರಂಗಮಂದಿರಗಳಲ್ಲಿ. ಸೋವಿಯತ್ ಒಕ್ಕೂಟದಲ್ಲಿದ್ದವರೆಲ್ಲ ರಷ್ಯಾದವರು ಎನ್ನುವುದಾದರೆ, ಬ್ರಿಟಿಷರ ಕಾಲದಲ್ಲಿ ಹುಟ್ಟಿದ ನಮ್ಮ ತಂದೆಯವರು ಇಂಗ್ಲೆಂಡಿನವರಾಗಬೇಕಿತ್ತು. ಆದರೂ ನೀವೇ ವಾಸಿ. ಉದ್ಘಾಟನೆಗೆ ಬಂದಿದ್ದ ಅಧಿಕಾರಿಗಳು ಅಮೆರಿಕದ ಜಾರ್ಜಿಯಾಕ್ಕೂ ನಮ್ಮ ತಾಲ್ಲೂಕಿಗೂ ಕಡಲೆಕಾಯಿ ಬೆಳೆಯಲ್ಲಿ ಇರುವ ನಂಟನ್ನು ಹತ್ತು ನಿಮಿಷ ವಿವರಿಸಿದರು. ಚಪ್ಪಾಳೆಯೂ ಬಿತ್ತು.

ಆಹ್ವಾನ ಪತ್ರಿಕೆಯಲ್ಲಿ ಇದ್ದದ್ದು ಐದೂವರೆ. ಮಂಡಿನೋವಿನ ಹೆಂಡತಿಯನ್ನು ಕರೆದುಕೊಂಡು, ಒಳಚರಂಡಿಗೆಂದು ಅಗೆದು ಹಾಗೇ ಬಿಟ್ಟಿರುವ ರಸ್ತೆಯನ್ನು ದಾಟಿ, ಐದಕ್ಕೇ ಹೋಗಿ ಕುಳಿತೆ. ಪ್ರಾರ್ಥನೆ, ಸ್ವಾಗತ, ಹಾರ, ಶಾಲು, ಹಣ್ಣಿನ ಬುಟ್ಟಿ ಎಲ್ಲ ಮುಗಿದು ಚಿತ್ರ ಶುರುವಾದಾಗ ಏಳೂಕಾಲು. ಒಂದೂವರೆ ಗಂಟೆಯ ಚಿತ್ರಕ್ಕೆ ಒಂದೂಮುಕ್ಕಾಲು ಗಂಟೆಯ ಪೀಠಿಕೆ!

ಕಾಲೇಜಿನ ದಿನಗಳಲ್ಲಿ ಫಿಲ್ಮ್ ಸೊಸೈಟಿಯೊಂದರಲ್ಲಿ ಈ ‘ಸೈನಿಕನ ತಂದೆ’ಯನ್ನು ನೋಡಿದ್ದೆ. 1964ರದು, ರೆಜೋ ಚ್ಖೆಯಿಡ್ಜೆ ನಿರ್ದೇಶನ. ಎರಡನೆಯ ಮಹಾಯುದ್ಧದಲ್ಲಿ ಗಾಯಗೊಂಡ ಮಗನನ್ನು ನೋಡಲು ಹಳ್ಳಿಯಿಂದ ಹೊರಟ ಮುದುಕ ಆಸ್ಪತ್ರೆ ತಲುಪುವಷ್ಟರಲ್ಲಿ ಮಗ ಮತ್ತೆ ಯುದ್ಧಕ್ಕೆ ಹೋಗಿರುತ್ತಾನೆ. ಮುದುಕ ಊರಿಗೆ ಮರಳುವುದಿಲ್ಲ, ತಾನೂ ಸೈನ್ಯ ಸೇರಿ ಜರ್ಮನಿಯವರೆಗೆ ನಡೆಯುತ್ತಾನೆ. ಅಲ್ಲಿ ತಮ್ಮದೇ ಸೈನ್ಯದ ಟ್ಯಾಂಕು ದ್ರಾಕ್ಷಿ ತೋಟಕ್ಕೆ ನುಗ್ಗಿದಾಗ ಚಾಲಕನ ಮೇಲೆ ಹರಿಹಾಯುತ್ತಾನೆ. ತೋಟ ಶತ್ರುವಿನದಾದರೇನು, ಬಳ್ಳಿ ಬಳ್ಳಿಯೇ ಅಲ್ಲವೇ? ಆ ಮುದುಕನ ಪಾತ್ರ ಮಾಡಿದಾಗ ಜಕಾರಿಯಾಡ್ಜೆಗೆ ಐವತ್ತೈದು. ರಂಗದ ಮೇಲೆ ಗ್ರೀಕ್ ನಾಟಕದ ರಾಜ ಈಡಿಪಸ್ ಆಗಿ ಗುಡುಗಿದ್ದ ಮನುಷ್ಯ ಇಲ್ಲಿ ಬಳ್ಳಿಯ ಮುಂದೆ ಬೆನ್ನು ಬಗ್ಗಿಸುವ ರೀತಿ ನೋಡಬೇಕು. ಹುಟ್ಟಿದಂದಿನಿಂದ ಮಣ್ಣಿನಲ್ಲೇ ಬೆಳೆದವನ ಬೆನ್ನು ಅದು. 1965ರ ಮಾಸ್ಕೋ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ, ಮರುವರ್ಷ ಲೆನಿನ್ ಪ್ರಶಸ್ತಿ ಸುಮ್ಮನೆ ಬಂದವೇ? ಆಮೇಲೆ ‘ವಾಟರ್‌ಲೂ’ ಚಿತ್ರದಲ್ಲಿ ಸೇನಾಪತಿ ಬ್ಲ್ಯೂಕರ್ ಆದರು. 1971ರಲ್ಲಿ ತೀರಿಕೊಂಡರು.

ಸರಿಯಾಗಿ ಆ ತೋಟದ ದೃಶ್ಯ ಮುಗಿಯುತ್ತಿದ್ದಂತೆ ಕರೆಂಟು ಹೋಯಿತು. ಕತ್ತಲೆಯಲ್ಲಿ ನಲವತ್ತು ನಿಮಿಷ ಕೂಡಿಸಿ, ಕೊನೆಗೆ ಮೈಕೂ ಇಲ್ಲದೆ ಯಾರೋ ಬಾಗಿಲಿನಿಂದ ‘ಮುಗಿಯಿತು, ಹೊರಡಿ’ ಎಂದು ಕೂಗಿದರು. ಪುರಭವನಕ್ಕೆಂದು ಕೊಂಡ ಜನರೇಟರ್ ಈಗ ಯಾರ ಮನೆಯ ಹಿತ್ತಲಿನಲ್ಲಿದೆ ಎಂಬುದು ಊರಿಗೆಲ್ಲ ಗೊತ್ತು, ಕಚೇರಿಗೆ ಮಾತ್ರ ಗೊತ್ತಿಲ್ಲ. ಮಳೆ ಬೇರೆ. ಆಟೋದವರು ನೂರೈವತ್ತು ಕೇಳಿದರು, ಕೊಟ್ಟೆ. ಛತ್ರಿಯನ್ನು ಅಲ್ಲೇ ಮರೆತು ಬಂದಿದ್ದೆ. ಮರುದಿನ ಹೋಗಿ ಕೇಳಿದರೆ ‘ಲಿಖಿತ ಅರ್ಜಿ ಕೊಡಿ’ ಎಂದರು.

ಅರ್ಜಿ ಎಂದಾಗ ನೆನಪಾಯಿತು. ನಮ್ಮೂರಿನ ನಾಟಕ ಕಂಪನಿಯ ಹಿರಿಯ ಕಲಾವಿದರೊಬ್ಬರ ಹೆಸರನ್ನು ರಸ್ತೆಗೆ ಇಡಿ ಎಂದು ನಾಲ್ಕು ವರ್ಷ ಅಲೆದೆವು. ಫಲಕ ಬಂತು, ಹೆಸರಿನಲ್ಲಿ ಎರಡು ಕಾಗುಣಿತ ತಪ್ಪು. ತಿದ್ದಿಸಿ ಎಂದು ಇನ್ನೊಂದು ಅರ್ಜಿ ಕೊಟ್ಟೆವು. ಫಲಕವೇ ಹೋಗಿ ಆ ಕಂಬದಲ್ಲಿ ಈಗ ಸೀರೆ ಅಂಗಡಿಯ ಜಾಹೀರಾತು ಇದೆ. ಟಿಬಿಲಿಸಿಯಲ್ಲಿ ವೈದ್ಯಕೀಯ ಓದುತ್ತಿರುವ ನಮ್ಮ ಅಣ್ಣನ ಮೊಮ್ಮಗಳು ಕಳೆದ ವರ್ಷ ಒಂದು ಫೋಟೊ ಕಳಿಸಿದ್ದಳು. ಗುರ್ಜಾನಿ ಎಂಬ ಊರಿನಲ್ಲಿ ಈ ಸೈನಿಕನ ತಂದೆಯ ಭಾರಿ ಪ್ರತಿಮೆ ನಿಂತಿದೆ. ಪಾತ್ರಕ್ಕೇ ಪ್ರತಿಮೆ, ಸ್ವಾಮಿ! ನಮ್ಮಲ್ಲಿ ನಟನಿಗೆ ಒಂದು ತಗಡಿನ ಫಲಕವೂ ಉಳಿಯುವುದಿಲ್ಲ.

ನನ್ನ ಹೆಂಡತಿ ಮೂರು ದಿನದಿಂದ ಕೇಳುತ್ತಿದ್ದಾಳೆ, ‘ಕೊನೆಗೆ ಮಗ ಸಿಕ್ಕನೇ?’ ಎಂದು. ಸಿಕ್ಕ ಎಂದಷ್ಟೇ ಹೇಳಿದ್ದೇನೆ. ಹೇಗೆ ಸಿಕ್ಕ ಎಂಬುದನ್ನು ಜಕಾರಿಯಾಡ್ಜೆಯ ಮುಖದಲ್ಲಿ ನೋಡಬೇಕು, ನನ್ನ ಬಾಯಲ್ಲಿ ಕೇಳಬಾರದು.

ಆದ್ದರಿಂದ ಸಂಬಂಧಪಟ್ಟವರು ಚಿತ್ರದ ಉಳಿದ ಭಾಗವನ್ನು ತೋರಿಸಬೇಕು, ಸಾಧ್ಯವಾದರೆ ಮೊದಲಿನಿಂದ. ಜನರೇಟರ್ ತರಿಸಬೇಕು. ರಸ್ತೆಯನ್ನೂ ಮುಚ್ಚಿಸಬೇಕು. ನೀವು ತಿದ್ದುಪಡಿ ಹಾಕಬೇಕು. ಇದಾವುದೂ ಆಗದಿದ್ದರೆ ಮುಂದಿನ ಸಲ ಬರೀ ಭಾಷಣವನ್ನೇ ಇಟ್ಟುಕೊಳ್ಳಲಿ, ಹಗ್ಗ ಕಟ್ಟಿದ ಮೂರು ಸಾಲುಗಳೇ ಕುಳಿತು ಕೇಳಲಿ. ಛತ್ರಿ ಕಪ್ಪು ಬಣ್ಣದ್ದು, ಮರದ ಹಿಡಿ.

– ನೊಂದ ಪ್ರೇಕ್ಷಕ