ಡಾಕ್ಯುಮೆಂಟರಿ ಬಿಡಬೇಡ ಕಣೋ

ಪ್ರೀತಿಯ ಗೆಳೆಯಾ,

ಡಾಕ್ಯುಮೆಂಟರಿಗೆ ಕ್ಯಾಮೆರಾ ಹಿಡಿದುಕೊಂಡೇ ಇದ್ದುಬಿಟ್ಟರೆ ಕಥಾಚಿತ್ರಕ್ಕೆ ಯಾರೂ ಕರೆಯುವುದಿಲ್ಲ, ಬಿಟ್ಟುಬಿಡಲಾ ಅಂತ ಕೇಳಿದ್ದೀಯ. ಬೇಡ ಕಣೋ. ನಿನ್ನ ಭಯ ಸುಮ್ನೆ ಹುಟ್ಟಿದ್ದಲ್ಲ, ನಿಜ. ಯಾವ ಕೆಲಸದಲ್ಲಿ ಹೆಸರು ಬರುತ್ತದೋ ಜನ ಅದಕ್ಕೇ ಮತ್ತೆ ಮತ್ತೆ ಕರೆಯುತ್ತಾರೆ. ಆದರೆ ನಿನ್ನ ಕೈಗೆ ಬಂದಿರುವ ವಿದ್ಯೆ ಸೆಟ್‌ನಲ್ಲಿ ಸಿಗುವಂಥದ್ದಲ್ಲ.

ನೀನು ಶೂಟ್ ಮಾಡುವುದನ್ನು ನೋಡಿದ್ದೇನಲ್ಲ. ಒಂದು ಕಣ್ಣು ವ್ಯೂಫೈಂಡರ್‌ನಲ್ಲಿ, ಇನ್ನೊಂದು ತೆರೆದೇ ಇರುತ್ತದೆ. ಕಿವಿಯಲ್ಲಿ ಹೆಡ್‌ಫೋನ್. ಮಾತಾಡುವವರು ಮಾತು ಮುಗಿಸುವ ಮೊದಲೇ ನಿನ್ನ ಕ್ಯಾಮೆರಾ ಕೇಳುತ್ತಿರುವವರ ಮುಖಕ್ಕೆ ಹೋಗಿರುತ್ತದೆ. ಫೋಕಸ್ಸೂ ನಿನ್ನ ಬೆರಳಲ್ಲೇ. ಆ ಮುಖದಲ್ಲಿ ಆಗುವುದು ಎರಡನೇ ಟೇಕ್‌ಗೆ ಸಿಗುವುದಿಲ್ಲ, ಅಲ್ವಾ?

ಮಾರೀಸ್ ಆಲ್ಬರ್ಟಿಯನ್ನೇ ನೋಡು. 1994ರ ‘ಕ್ರಂಬ್’ ಡಾಕ್ಯುಮೆಂಟರಿಯ ಛಾಯಾಗ್ರಾಹಕಿ. 2008ರಲ್ಲಿ ‘ದಿ ರೆಸ್ಲರ್’ ಕಥಾಚಿತ್ರ ಮಾಡಿದರು, ಸೂಪರ್ 16 ಅನ್ನುವ ಸಣ್ಣ ಅಳತೆಯ ಫಿಲ್ಮ್‌ನಲ್ಲಿ. ಅದರ ಶುರುವಿನಲ್ಲಿ ಕ್ಯಾಮೆರಾ ನಾಯಕನಟ ಮಿಕ್ಕಿ ರೂರ್ಕ್ ಬೆನ್ನ ಹಿಂದೆಯೇ ನಡೆಯುತ್ತದೆ. ಭುಜ, ಉದ್ದ ಕೂದಲು, ಸುಸ್ತಾದ ನಡಿಗೆ. ಮುಖ ಬೇಗ ತೋರಿಸುವುದಿಲ್ಲ. ಮುಂದೇನು ಅಂತ ಗೊತ್ತಿಲ್ಲದೆ ಒಬ್ಬ ಮನುಷ್ಯನ ಹಿಂದೆ ಹೋಗಿ ಅಭ್ಯಾಸ ಇದ್ದವರಿಗೇ ಇಂಥ ತಾಳ್ಮೆ ಬರುವುದು ಅಂತ ನನಗನ್ನಿಸುತ್ತದೆ. 2015ರ ‘ಕ್ರೀಡ್’ನಲ್ಲಿ ಇಡೀ ಬಾಕ್ಸಿಂಗ್ ಪಂದ್ಯ ಒಂದೇ ಶಾಟ್‌ನಲ್ಲಿ ಬರುತ್ತದಲ್ಲ, ಆ ಚಿತ್ರದ ಛಾಯಾಗ್ರಹಣವೂ ಅವರದೇ. ಬ್ರಿಟನ್ನಿನ ಬ್ಯಾರಿ ಆಕ್ರಾಯ್ಡ್ ಕೂಡ ಡಾಕ್ಯುಮೆಂಟರಿಯಿಂದಲೇ ಬಂದವರು. ‘ದಿ ಹರ್ಟ್ ಲಾಕರ್’ ಕಥಾಚಿತ್ರದಲ್ಲಿ ಒಂದೇ ಸಲಕ್ಕೆ ಹಲವು ಕ್ಯಾಮೆರಾ ಓಡಿಸಿದರು.

ನೀನು ಕಲಿಯಬೇಕಾದ್ದು ಬೆಳಕು. ಈಗ ಕಿಟಕಿ ಎಲ್ಲಿದೆಯೋ ಅಲ್ಲಿ ಮಾತಾಡುವವರನ್ನು ಕೂರಿಸುತ್ತೀಯ. ಕಥಾಚಿತ್ರದಲ್ಲಿ ಆ ಕಿಟಕಿಯ ಬೆಳಕನ್ನೇ ನೀನು ಹುಟ್ಟಿಸಬೇಕು. ತೆರೆಯ ಮೇಲೆ ಎರಡು ನಿಮಿಷದ ದೃಶ್ಯವನ್ನು ಇಡೀ ದಿನ ತುಂಡು ತುಂಡಾಗಿ ತೆಗೆಯುತ್ತಾರೆ. ಬೆಳಿಗ್ಗೆ ಹತ್ತರ ಬಿಸಿಲು ಸಂಜೆ ಐದಕ್ಕೂ ಅದೇ ಗೋಡೆಯ ಮೇಲೆ ಅಷ್ಟೇ ಓರೆಯಾಗಿ ಬೀಳಬೇಕು. ಅದಕ್ಕಿಂತ ಜಾಸ್ತಿ ಕಷ್ಟ, ಮನಸ್ಸಲ್ಲಿರುವುದನ್ನು ಬಾಯಲ್ಲಿ ಹೇಳಿ ದೀಪಗಳ ಮುಖ್ಯಸ್ಥ ಗ್ಯಾಫರ್ ಕೈಲಿ, ಫೋಕಸ್ ತಿರುಗಿಸುವ ಫೋಕಸ್ ಪುಲ್ಲರ್ ಕೈಲಿ ಮಾಡಿಸುವುದು. ಒಬ್ಬನೇ ದುಡಿದವನಿಗೆ ಇದು ತಿಣುಕಾಟ. ಕಿರುಚಿತ್ರ ಸಿಕ್ಕರೆ ಒಪ್ಪಿಕೋ, ದುಡ್ಡು ಕಮ್ಮಿಯಾದರೂ.

ಇನ್ನು ಶೋರೀಲ್, ಅಂದರೆ ಕೆಲಸ ಕೇಳುವಾಗ ತೋರಿಸುವ ನಿನ್ನ ಕೆಲಸದ ವಿಡಿಯೋ. ಚಕಚಕ ಓಡುವ ತುಣುಕುಗಳ ಜೊತೆಗೆ ಡಾಕ್ಯುಮೆಂಟರಿಯ ಒಂದು ಇಡೀ ದೃಶ್ಯ ಸೇರಿಸು, ಕಟ್ ಮಾಡದೆ. ನಟರ ಹತ್ತಿರ ನಿಂತು ಅವರಿಗೆ ಅಡ್ಡ ಬರದೆ ಕೆಲಸ ಮಾಡಬಲ್ಲೆ ಅನ್ನುವುದು ನಿರ್ದೇಶಕರಿಗೆ ಕಾಣುವುದು ಅದರಲ್ಲೇ. ಯಾರಿಗಾದರೂ ಕಳಿಸುವ ಮೊದಲು ನನಗೊಮ್ಮೆ ತೋರಿಸು.

ನಿನ್ನ ಗೆಳೆಯ