ಮಗಳಿಗೊಂದು ಪತ್ರ: ಮೂರೂವರೆ ವರ್ಷದ ಮಗು ಮನೆಗೆ ಬರುವಾಗ

ಮಂಜೇಶ್ವರ

ಪ್ರೀತಿಯ ಮಗಳೇ,

ಆಶೀರ್ವಾದಗಳು. ಫೋನಿನಲ್ಲಿ ನೀನು ಕೇಳಿದ್ದು ಒಂದೇ ಪ್ರಶ್ನೆ: "ದತ್ತು ಅಂತ ಅವಳಿಗೆ ಯಾವಾಗ ಹೇಳುವುದು ಅಮ್ಮಾ?" ಮೂರೂವರೆ ವರ್ಷದ ಮಗುವಿಗೆ ಅದು ಅರ್ಧ ಗೊತ್ತೇ ಉಂಟು. ಓಡಾಡಿದ ಮನೆ, ತುತ್ತು ಕೊಟ್ಟ ಆಯಾ, ಸಾಲಾಗಿ ಜೊತೆಗೆ ಮಲಗುತ್ತಿದ್ದ ಮಕ್ಕಳು, ಎಲ್ಲ ಒಂದೇ ದಿನದಲ್ಲಿ ಇಲ್ಲದಾಗುತ್ತದೆ. ನಮಗೆ ಅದು ಮಗು ಬಂದ ದಿನ, ಅವಳಿಗೆ ಮನೆ ಬಿಟ್ಟ ದಿನ. ಇದೊಂದನ್ನು ಮನಸ್ಸಿನಲ್ಲಿಟ್ಟುಕೊಂಡರೆ ಮುಂದೆ ಅವಳು ಮಾಡುವ ಎಷ್ಟೋ ವಿಚಿತ್ರಗಳಿಗೆ ಕಾರಣ ಸಿಗುತ್ತದೆ.

ಮಗು ಇರುವ ಪುಣೆಯ ದತ್ತು ಸಂಸ್ಥೆಗೆ ಹೋದವರು ಒಂದೇ ಭೇಟಿಗೆ ಎತ್ತಿಕೊಂಡು ರೈಲು ಹತ್ತಬೇಡಿ. ಸಂಸ್ಥೆಯವರು ಒಪ್ಪಿದರೆ ಮೂರ್ನಾಲ್ಕು ದಿನ ಹತ್ತಿರದಲ್ಲೇ ರೂಮು ಮಾಡಿ ದಿನಾ ಹೋಗಿ ಬನ್ನಿ. ಮೊದಲು ಅವಳು ಆಯಾನ ಮಡಿಲಲ್ಲೇ ಇರಲಿ, ನೀವು ಪಕ್ಕದಲ್ಲಿ ಕೂತಿರಿ. ಆಮೇಲೆ ಆಯಾ ಕಣ್ಣೆದುರಿಗೆ ಇರುವಾಗಲೇ ನೀನು ಊಟ ಮಾಡಿಸು. ನಂಬಿದವರ ಎದುರಲ್ಲಿ ನಿನ್ನ ಕೈಯಿಂದ ತಿಂದ ತುತ್ತಿಗೆ ಬೇರೆಯೇ ಬೆಲೆ. ಏನು ತಿನ್ನುತ್ತಾಳೆ, ಎಷ್ಟು ಹೊತ್ತಿಗೆ, ಯಾವ ಮಗ್ಗುಲಿಗೆ ಮಲಗುತ್ತಾಳೆ, ಹೆದರಿದಾಗ ಏನು ಮಾಡುತ್ತಾಳೆ, ಮುದ್ದಿನಿಂದ ಏನೆಂದು ಕರೆಯುತ್ತಾರೆ, ಇಷ್ಟನ್ನು ಕೇಳಿ ಬರೆದುಕೋ. ಮಗುವಿನ ಹಿನ್ನೆಲೆ ಬರೆದಿರುವ ಅಧ್ಯಯನ ವರದಿ ಮತ್ತು ವೈದ್ಯಕೀಯ ವರದಿಯ ಪ್ರತಿ ಹೇಗೂ ಕೊಡುತ್ತಾರೆ. ಆದರೆ ಈ ಚಿಲ್ಲರೆ ಸಂಗತಿಗಳು ಯಾವ ವರದಿಯಲ್ಲೂ ಇರುವುದಿಲ್ಲ, ಮೊದಲ ರಾತ್ರಿ ಕೆಲಸಕ್ಕೆ ಬರುವುದು ಇವೇ.

ಅವಳು ಹೊದೆಯುವ ಬಟ್ಟೆ ಕೇಳಿ ತೆಗೆದುಕೋ. ತೊಳೆಯಬೇಡ. ಎಷ್ಟೇ ಮಾಸಿದ್ದರೂ ಮೊದಲ ಕೆಲವು ವಾರ ಹಾಗೇ ಇರಲಿ. ಹೊಸ ಮನೆಯಲ್ಲಿ ಅವಳಿಗೆ ಪರಿಚಯದ ವಾಸನೆ ಅಂತ ಇರುವುದು ಅದೊಂದೇ. ನಿನ್ನ ಅತ್ತೆಯವರಿಗೆ ಇದನ್ನು ಮೊದಲೇ ಹೇಳಿಟ್ಟಿರು, ಇಲ್ಲದಿದ್ದರೆ ಬಂದ ದಿನವೇ ಅದು ಸೋಪಿನ ನೀರಿಗೆ ಬೀಳುತ್ತದೆ.

ಹೆಸರನ್ನೂ ತಕ್ಷಣ ಬದಲಿಸಬೇಡಿ. ಈ ಪ್ರಾಯಕ್ಕೆ ಹೆಸರೆಂದರೆ ಅವಳೇ. ನಾಮಕರಣ ಮಾಡಲೇಬೇಕೆಂದು ಹಿರಿಯರು ಹಟ ಹಿಡಿದರೆ ಹಳೆಯ ಹೆಸರಿನ ಜೊತೆಗೆ ಹೊಸದನ್ನು ಸೇರಿಸಿ, ಅದೂ ಅವಳು ನಿಮಗೆ ಹೊಂದಿಕೊಂಡ ಮೇಲೆ.

ಭಾಷೆಯ ವಿಷಯಕ್ಕೆ ಬರುತ್ತೇನೆ. ಮನೆಯಲ್ಲಿ ಕನ್ನಡ, ತೋಟದ ಕೆಲಸದವರೊಡನೆ ತುಳು, ಪೇಟೆಯಲ್ಲಿ ಮಲಯಾಳ. ನಮಗೆ ಇದು ಲೆಕ್ಕಕ್ಕಿಲ್ಲ. ಮರಾಠಿ ಮಾತ್ರ ಕೇಳಿ ಬೆಳೆದ ಮಗುವಿಗೆ ಮೂರೂ ಒಂದೇ ಗದ್ದಲ. ನೀವಿಬ್ಬರೂ ಕನ್ನಡವೊಂದನ್ನೇ ಹಿಡಿಯಿರಿ, ಉಳಿದವು ತಾವಾಗಿಯೇ ಬರುತ್ತವೆ. ಅದಕ್ಕೂ ಮೊದಲು ನೀವು ಅವಳ ಕೆಲವು ಮಾತು ಕಲಿಯಿರಿ: ಪಾಣೀ (ನೀರು), ಭೂಕ್ (ಹಸಿವು), ದುಖತಂಯ್ (ನೋಯುತ್ತಿದೆ), ಝೋಪ್ (ನಿದ್ದೆ), ನಕೋ (ಬೇಡ). "ಮೀ ಇಥೇ ಆಹೇ" ಅಂದರೆ ನಾನು ಇಲ್ಲೇ ಇದ್ದೇನೆ ಅಂತ. ಅದನ್ನು ದಿನಕ್ಕೆ ನೂರು ಸಲ ಹೇಳಿದರೂ ಹೆಚ್ಚಲ್ಲ. ಪಕ್ಕದ ಮನೆಯ ಕೊಂಕಣಿ ಅಜ್ಜಿಯ ಮಾತು ಅವಳಿಗೆ ನಮ್ಮದಕ್ಕಿಂತ ಹತ್ತಿರ ಕೇಳೀತು, ಅವರು ಬಂದು ಮಾತಾಡಿಸಲಿ. ಕೆಲವು ವಾರ ಬಾಯಿಯೇ ಬಿಡದಿದ್ದರೆ ಮಂದಬುದ್ಧಿ ಅಂತ ಯಾರೂ ಷರಾ ಬರೆಯುವುದು ಬೇಡ. ಕಿವಿಯನ್ನು ಒಮ್ಮೆ ಪರೀಕ್ಷೆ ಮಾಡಿಸು, ಆಮೇಲೆ ಕಾದು ನೋಡು. ಬಳಸದಿದ್ದರೆ ಅವಳ ಮರಾಠಿ ಬೇಗ ಉದುರಿಹೋಗುತ್ತದೆ. ಅಲ್ಲಿ ಹಾಡಿಸುತ್ತಿದ್ದ ಒಂದೆರಡು ಹಾಡನ್ನಾದರೂ ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡು ಬಾ.

ಮನೆಗೆ ಬಂದ ಮೇಲೆ ಮೊದಲ ಎರಡು ಮೂರು ತಿಂಗಳು ಊಟ, ಸ್ನಾನ, ಮಲಗಿಸುವುದು ನೀನು ಅಥವಾ ಅಳಿಯಂದಿರು, ಮೂರನೆಯವರು ಬೇಡ. ನಾನೂ ಬೇಡ. ನಾನು ಬಂದು ಅಡುಗೆ ಮಾಡುತ್ತೇನೆ, ಪಾತ್ರೆ ತೊಳೆಯುತ್ತೇನೆ, ಅವಳನ್ನು ಎತ್ತಿಕೊಳ್ಳುವುದಿಲ್ಲ. ಸಂಸ್ಥೆಯಲ್ಲಿ ಪಾಳಿಗೊಬ್ಬರು ನೋಡಿಕೊಳ್ಳುತ್ತಾರೆ, ಹಾಗಾಗಿ ಅಲ್ಲಿ ಬೆಳೆದ ಮಗು ಯಾರು ಕೈ ಚಾಚಿದರೂ ಹೋಗುತ್ತದೆ. ನೆಂಟರು "ಎಷ್ಟು ಚಂದ, ಯಾರ ಹತ್ತಿರವೂ ಅಳುವುದೇ ಇಲ್ಲ" ಅನ್ನುತ್ತಾರೆ. ಅದು ಮೆಚ್ಚಬೇಕಾದ ಗುಣ ಅಲ್ಲ ಮಾರಾಯ್ತಿ. ಯಾರು ತನ್ನವರು ಅಂತ ಅವಳಿಗೆ ಇನ್ನೂ ತಿಳಿದಿಲ್ಲ ಅಂತ ಅರ್ಥ. ಸತ್ಯನಾರಾಯಣ ಪೂಜೆ, ಊರೂಟ ಎಲ್ಲ ಮುಂದಕ್ಕೆ ಹಾಕಿ. ನಿನ್ನ ಸೆರಗು ಹಿಡಿದು ಅಪರಿಚಿತರನ್ನು ಕಂಡು ಅವಳು ಅಳಲು ಶುರುಮಾಡಿದ ದಿನ ಸಂತೋಷಪಡು.

ಬಿದ್ದರೂ ಅಳದಿರುವುದೂ ಹಾಗೆಯೇ. ಅತ್ತರೆ ಯಾರೂ ಬರುವುದಿಲ್ಲ ಅಂತ ಕಲಿತ ಮಗು ಅಳುವುದನ್ನು ಬಿಡುತ್ತದೆ. ಮೊಣಕಾಲು ತರಚಿ ಸುಮ್ಮನೆ ನಿಂತಿದ್ದರೂ ನೀನೇ ಹೋಗಿ ಊದಿ, ಎಣ್ಣೆ ಹಚ್ಚಿ, "ನೋವಾಯಿತಾ" ಅಂತ ಕೇಳು.

ಊಟದ ವಿಷಯದಲ್ಲಿ ನಿನ್ನ ತಾಳ್ಮೆಗೆ ಪರೀಕ್ಷೆ ಉಂಟು. ತಲೆದಿಂಬಿನ ಕೆಳಗೆ ಬಿಸ್ಕತ್ತು, ಚಪಾತಿಯ ತುಂಡು ಸಿಗಬಹುದು, ಇರುವೆ ಸಾಲು ಹಿಡಿದು ಹೋದರೆ ನಿನಗೇ ಕಾಣುತ್ತದೆ. ಬೈಯಬೇಡ, ಎದುರಿಗೆ ತೆಗೆದು ಬಿಸಾಡಬೇಡ. ಅವಳ ಕೈಗೆಟಕುವ ಕಡೆ ಮುಚ್ಚಳದ ಸಣ್ಣ ಡಬ್ಬಿ ಇಡು. ಅವಲಕ್ಕಿ, ಬಾಳೆಹಣ್ಣು, ಎರಡು ಬಿಸ್ಕತ್ತು, ಏನಾದರೂ ಸರಿ, ಯಾವತ್ತೂ ಖಾಲಿ ಇರಬಾರದು. ತೆಗೆಯಲು ನಿನ್ನನ್ನು ಕೇಳಬೇಕಾಗಿಯೂ ಇಲ್ಲ. ಎರಡೂವರೆ ಮೂರು ಗಂಟೆಗೊಮ್ಮೆ ಹೊತ್ತಿಗೆ ಸರಿಯಾಗಿ ಕೊಡು. ವಾಂತಿ ಬರುವಷ್ಟು ತಿಂದರೆ ತಟ್ಟೆ ಕಸಿಯುವುದಲ್ಲ, ಬಡಿಸುವುದನ್ನು ಸ್ವಲ್ಪ ಸ್ವಲ್ಪ ಮಾಡಿ "ಇನ್ನೂ ಉಂಟು, ಸಂಜೆಗೂ ಉಂಟು" ಅಂತ ಪಾತ್ರೆ ತೋರಿಸು. ಡಬ್ಬಿ ಅಲ್ಲೇ ಇರುತ್ತದೆ ಅಂತ ನಂಬಿಕೆ ಬಂದ ಮೇಲೆ ಬಚ್ಚಿಡುವುದು ಕಡಿಮೆಯಾಗುತ್ತದೆ, ತಿಂಗಳುಗಟ್ಟಲೆ ಹಿಡಿದರೂ ಗಾಬರಿ ಬೇಡ. ನಮ್ಮ ಕುಚ್ಚಲಕ್ಕಿ ಗಂಜಿ, ತೆಂಗಿನಕಾಯಿಯ ಸಾಂಬಾರು ನಿಧಾನಕ್ಕೆ ಸೇರಲಿ. ಮೊದಲಿಗೆ ಅಲ್ಲಿ ತಿನ್ನುತ್ತಿದ್ದ ಬೇಳೆ, ಅನ್ನ, ಚಪಾತಿಯೇ ಇರಲಿ.

ಹೊಸ ಕೋಣೆ, ಹೊಸ ಮಂಚ ಅಂತ ಖರ್ಚು ಮಾಡಬೇಡಿ. ಹತ್ತು ಮಕ್ಕಳ ನಡುವೆ ಮಲಗಿದವಳಿಗೆ ಒಬ್ಬಳೇ ಮಲಗುವ ಕೋಣೆ ಶಿಕ್ಷೆ. ನಿಮ್ಮ ಹಾಸಿಗೆಯ ಪಕ್ಕದಲ್ಲೇ ಅವಳದು ಹಾಸಿ, ಝೀರೋ ಬಲ್ಬ್ ಉರಿಯಲಿ.

ಮೊದಲ ದಿನಗಳಲ್ಲಿ ಹೇಳಿದ್ದಕ್ಕೆಲ್ಲ ತಲೆಯಾಡಿಸುವ ಮಗು ಕೆಲವು ವಾರ ಕಳೆದ ಮೇಲೆ ನೆಲಕ್ಕೆ ಬಿದ್ದು ಹೊರಳುತ್ತದೆ, ಕಚ್ಚುತ್ತದೆ, ನಿಂತುಹೋಗಿದ್ದ ಹಾಸಿಗೆ ಒದ್ದೆ ಮತ್ತೆ ಶುರುವಾಗುತ್ತದೆ. ಕೆಟ್ಟುಹೋಯಿತು ಅಂತ ತಿಳಿಯಬೇಡ. ಇಷ್ಟು ದಿನ ನೆಂಟರ ಮನೆಯಲ್ಲಿದ್ದ ಹಾಗಿದ್ದಳು, ಈಗ "ಹೀಗೆ ಮಾಡಿದರೂ ಇಟ್ಟುಕೊಳ್ಳುತ್ತಾರಾ" ಅಂತ ನೋಡುತ್ತಿದ್ದಾಳೆ. ಕೋಣೆಯಲ್ಲಿ ಕೂಡಿಹಾಕುವುದು, ಮಾತು ಬಿಡುವುದು ಈ ಮಗುವಿಗೆ ನಡೆಯುವುದಿಲ್ಲ. ಪಕ್ಕದಲ್ಲೇ ಕೂತಿರು, ಕಚ್ಚಲು ಬಿಡಬೇಡ, ಬಿಟ್ಟೂ ಹೋಗಬೇಡ. "ಅಲ್ಲಿಗೇ ಬಿಟ್ಟು ಬರುತ್ತೇನೆ" ಅನ್ನುವ ಮಾತು ತಮಾಷೆಗೂ ಬಾಯಿಂದ ಬರಕೂಡದು. ಇನ್ನೊಂದು, ನಮ್ಮ ಕಡೆ ಎಲ್ಲ ಮಕ್ಕಳಿಗೂ "ನಿನ್ನನ್ನು ತೌಡು ಕೊಟ್ಟು ತಂದದ್ದು" ಅಂತ ಕೀಟಲೆ ಮಾಡುವುದುಂಟಲ್ಲ. ಮಾವಂದಿರಿಗೆ, ಚಿಕ್ಕಪ್ಪಂದಿರಿಗೆ, ನೆರೆಯ ಮಲಯಾಳಿಗಳಿಗೆ ಎಲ್ಲರಿಗೂ ಮೊದಲೇ ಹೇಳು, ಈ ಮನೆಯಲ್ಲಿ ಆ ತಮಾಷೆ ಬಂದ್.

ನಿನ್ನ ಬಗ್ಗೆಯೂ ಒಂದು ಮಾತು. ಕಂಡ ಕ್ಷಣವೇ ಮಮತೆ ಉಕ್ಕಲಿಲ್ಲ ಅಂತ ಅಪರಾಧಿ ಭಾವ ಬೇಡ. ಹೆತ್ತವರಿಗೂ ಎಷ್ಟೋ ಸಲ ನಿಧಾನಕ್ಕೇ ಬರುವುದು. ದತ್ತು ತೆಗೆದುಕೊಂಡ ತಾಯಂದಿರಿಗೂ ಖಿನ್ನತೆ ಬರುವುದುಂಟು. ವರ್ಷಗಟ್ಟಲೆ ಕಾದದ್ದು ಸಿಕ್ಕಿದ ಮೇಲೆ ಅಳುವುದು ಹೇಗೆ ಅಂತ ಮುಚ್ಚಿಡುತ್ತಾರೆ, ಅಷ್ಟೆ. ನಿದ್ರೆ ಇಲ್ಲದೆ, ಯಾವುದರಲ್ಲೂ ಮನಸ್ಸಿಲ್ಲದೆ ಎರಡು ವಾರ ಕಳೆದರೆ ಡಾಕ್ಟರಿಗೆ ತೋರಿಸು. ಬಸಿರು ನಿಲ್ಲದ ದುಃಖ ಬೇರೆ, ಅದನ್ನು ಇವಳು ಬಂದು ತುಂಬಬೇಕು ಅಂತ ಕಾಯಬೇಡ. ಅದು ಅವಳ ಕೆಲಸ ಅಲ್ಲ.

ಈಗ ನಿನ್ನ ಪ್ರಶ್ನೆ. ದತ್ತು ಎಂಬ ಮಾತು ಮನೆಯಲ್ಲಿ ಮೊದಲಿನಿಂದಲೇ ಓಡಾಡಲಿ. ಆದರೆ ಒಮ್ಮೆ ಹೇಳಿ ಮುಗಿಯಿತು ಅಂತ ತಿಳಿಯಬೇಡ. ಡೇವಿಡ್ ಬ್ರಾಡ್ಜಿನ್ಸ್ಕಿ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞರು 1980ರ ದಶಕದಲ್ಲೇ ತೋರಿಸಿದ್ದು ಇದು: ಐದರ ಒಳಗಿನ ಮಗು "ನನ್ನನ್ನು ದತ್ತು ತಂದರು" ಅಂತ ನಗುತ್ತಾ ಹೇಳುತ್ತದೆ, ಅರ್ಥ ತಿಳಿದಿರುವುದಿಲ್ಲ. ಆರೇಳು ವರ್ಷದ ಹೊತ್ತಿಗೆ ಇನ್ನೊಂದು ಮುಖ ಕಾಣುತ್ತದೆ: ಇವರು ತಂದರು ಅಂದರೆ ಬೇರೆ ಯಾರೋ ಬಿಟ್ಟರು. ಒಂದನೇ ಎರಡನೇ ಕ್ಲಾಸಿನಲ್ಲಿ ಹಠಾತ್ತಾಗಿ ಮಂಕಾದರೆ ನೀವು ಏನೋ ತಪ್ಪು ಮಾಡಿದಿರಿ ಅಂತಲ್ಲ, ಅವಳ ಬುದ್ಧಿ ಬೆಳೆದಿದೆ. ಆ ದುಃಖ ಪಡಲು ಬಿಡು, ಚಾಕಲೇಟು ಕೊಟ್ಟು ಮರೆಸಬೇಡ. ಹದಿಹರೆಯದಲ್ಲಿ "ನೀನು ನನ್ನ ಅಮ್ಮನೇ ಅಲ್ಲ" ಅನ್ನುವುದೂ ಬಂದೀತು.

ಹೇಳುವಾಗ ಸಾದಾ ಮಾತು ಸಾಕು: "ನಿನ್ನನ್ನು ಹೆತ್ತ ಅಮ್ಮ ಬೇರೆ. ಆಗ ಯಾವ ಮಗುವನ್ನೂ ಸಾಕುವ ಸ್ಥಿತಿ ಅವರಿಗಿರಲಿಲ್ಲ. ನೀನೇನೂ ತಪ್ಪು ಮಾಡಿರಲಿಲ್ಲ." ವರದಿಯಲ್ಲಿ ಬೇರೆ ಕಾರಣ ಬರೆದಿದ್ದರೆ ಅದಕ್ಕೆ ತಕ್ಕಂತೆ ಹೇಳು, ಇಲ್ಲದ್ದನ್ನು ಕಟ್ಟಬೇಡ. "ಪ್ರೀತಿ ಇದ್ದದ್ದಕ್ಕೇ ಬಿಟ್ಟುಕೊಟ್ಟರು" ಅನ್ನಬೇಡ. ನೀನೂ ಪ್ರೀತಿಸುತ್ತೀ, ಹಾಗಾದರೆ ನೀನೂ ಬಿಡುತ್ತೀಯಾ ಅಂತ ಮಗು ಲೆಕ್ಕ ಹಾಕುತ್ತದೆ. ಸತ್ತುಹೋದರು ಅಂತ ಸುಳ್ಳೂ ಬೇಡ. ಗೊತ್ತಿಲ್ಲದ್ದಕ್ಕೆ ಗೊತ್ತಿಲ್ಲ ಅನ್ನು. ನೆಂಟರಿಗೆ ದತ್ತು ಅಂತ ಗೊತ್ತಿದ್ದರೆ ಸಾಕು. ಯಾವ ಊರು, ಯಾಕೆ ಬಿಟ್ಟರು ಎಂಬುದು ಅವಳ ಸೊತ್ತು, ಅವಳಿಗಿಂತ ಮೊದಲು ಬೇರೆಯವರ ಬಾಯಿಗೆ ಹೋಗಕೂಡದು. ಶಾಲೆಯಲ್ಲಿ ಹುಟ್ಟಿದಾಗಿನ ಫೋಟೋ ತನ್ನಿ, ವಂಶವೃಕ್ಷ ಬರೆಯಿರಿ ಅಂತ ಹೇಳುತ್ತಾರೆ. ಟೀಚರನ್ನು ಮೊದಲೇ ಕಂಡು "ಚಿಕ್ಕಂದಿನ ಯಾವುದಾದರೂ ಫೋಟೋ" ಅಂತ ಮಾಡಿಸು.

ನಿನ್ನ ಅತ್ತೆಯವರು "ಇಷ್ಟು ದೊಡ್ಡ ಮಗು ಹೊಂದಿಕೊಳ್ಳುತ್ತದಾ" ಅಂದರಂತೆ. ರೊಮೇನಿಯಾದಿಂದ, ಹೆಚ್ಚಿನವರು ಅಲ್ಲಿನ ಅನಾಥಾಲಯಗಳಿಂದ, ಇಂಗ್ಲೆಂಡಿಗೆ ದತ್ತು ಹೋದ 165 ಮಕ್ಕಳನ್ನು ಮೈಕೆಲ್ ರಟ್ಟರ್ ಎಂಬ ಬ್ರಿಟಿಷ್ ಮಕ್ಕಳ ಮನೋವೈದ್ಯರು ಮತ್ತು ಅವರ ಬಳಗ ದೊಡ್ಡವರಾಗುವವರೆಗೂ ಹಿಂಬಾಲಿಸಿ ನೋಡಿದೆ. ಆರು ತಿಂಗಳೊಳಗೆ ಹೊರಬಂದವರು ಹೆಚ್ಚುಕಡಿಮೆ ಉಳಿದ ಮಕ್ಕಳಂತೆಯೇ ಬೆಳೆದರು. ಅದಕ್ಕೂ ಹೆಚ್ಚು ಕಾಲ ಅಲ್ಲಿದ್ದವರಲ್ಲಿ ಹಲವರಿಗೆ ಗಮನ ನಿಲ್ಲದಿರುವುದು, ಜನರೊಡನೆ ಹೊಂದದಿರುವುದು ದೊಡ್ಡವರಾದರೂ ಉಳಿಯಿತು, ಆದರೆ ಕಲಿಕೆಯ ಬುದ್ಧಿಶಕ್ತಿ ತಡವಾಗಿಯಾದರೂ ಚೇತರಿಸಿತು, ಕೆಲವರಿಗೆ ಯಾವ ತೊಂದರೆಯೂ ಆಗಲಿಲ್ಲ. ಆ ಅನಾಥಾಲಯಗಳು ಹಸಿವು, ಕೊಳಕು, ಒಂಟಿತನ ತುಂಬಿದ್ದವು. ಅತ್ತೆಯವರಿಗೆ ಅದನ್ನೂ ಸೇರಿಸಿ ಹೇಳು.

ಕಾಗದಪತ್ರದ್ದು ಅಳಿಯಂದಿರು ನೋಡಿಕೊಳ್ಳಲಿ. ಮಗು ಮನೆಗೆ ಬರುವಾಗ ಅದು ಇನ್ನೂ ದತ್ತುಪೂರ್ವ ಪಾಲನೆ, ಅಂದರೆ ದತ್ತಿನ ಆದೇಶ ಬರುವವರೆಗಿನ ಪಾಲನೆ. ಆದೇಶ ಕೊಡುವುದು 2022ರ ಸೆಪ್ಟೆಂಬರಿನಿಂದ ಕೋರ್ಟ್ ಅಲ್ಲ, ಜಿಲ್ಲಾಧಿಕಾರಿ. ಮಗುವನ್ನು ನಿಮ್ಮ ಪಾಲನೆಗೆ ಕೊಟ್ಟ ದಿನದಿಂದ ಎರಡು ವರ್ಷ, ಆರು ತಿಂಗಳಿಗೊಮ್ಮೆ ಸಮಾಜ ಕಾರ್ಯಕರ್ತರು ವಿಚಾರಿಸುತ್ತಾರೆ. ಅವರೆದುರು ಎಲ್ಲ ಚೆನ್ನಾಗಿದೆ ಅಂತ ನಾಟಕ ಆಡಬೇಡಿ, ಕಚ್ಚುತ್ತಾಳೆ ಅಂದರೆ ಕಚ್ಚುತ್ತಾಳೆ ಅಂತಲೇ ಹೇಳಿ. ಸಹಾಯ ಸಿಗುವ ದಾರಿ ಅದು. ವರದಿಗಳು, ಆದೇಶ, ಸಂಸ್ಥೆಯ ಫೋಟೋಗಳು ಒಂದೇ ಫೈಲಿನಲ್ಲಿ ಇರಲಿ, ಒಂದು ಪ್ರತಿ ನನ್ನ ಕಪಾಟಿನಲ್ಲೂ ಇರಲಿ. ಫೋಟೋ ಫೇಸ್‌ಬುಕ್ಕಿಗೆ ಹಾಕಬೇಡಿ. 18 ತುಂಬಿದ ಮೇಲೆ ತನ್ನ ಮೂಲ ಹುಡುಕಲು ಅವಳೇ ಅರ್ಜಿ ಹಾಕಬಹುದು, ಆಗ ಆ ಫೈಲು ಅವಳ ಕೈಗೆ ಬೇಕಾಗುತ್ತದೆ.

ರೈಲು ಹತ್ತುವ ಮುಂಚೆ ಒಂದು ಫೋನು ಮಾಡು. ಬೇಳೆ, ಗೋಧಿಹಿಟ್ಟು ತಂದಿಡುತ್ತೇನೆ.

ಇಂತಿ ನಿನ್ನ
ಅಮ್ಮ