ಕೊನೆಯ ಎಪಿಸೋಡಿಗೇ ಕರೆಂಟ್ ಹೋಗಬೇಕೇ?

ಮಾನ್ಯರೇ,

ಭಾನುವಾರ ರಾತ್ರಿ ನಮ್ಮ ಬಡಾವಣೆಯಲ್ಲಿ ‘ಅರ್ಧ ಗಂಟೆ ವಿದ್ಯುತ್ ವ್ಯತ್ಯಯ’ ಎಂಬ ವರದಿ ಓದಿ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಕರೆಂಟ್ ಹೋಗಿದ್ದು ಒಂಬತ್ತೂಕಾಲಿಗೆ, ಬಂದಿದ್ದು ಹನ್ನೆರಡೂವರೆಗೆ. ಯಾವ ಗಡಿಯಾರದ ಅರ್ಧ ಗಂಟೆ ಸ್ವಾಮಿ ಇದು? ಫುಟ್‌ಬಾಲ್‌ನಲ್ಲೂ ಇಷ್ಟು ಎಕ್ಸ್‌ಟ್ರಾ ಟೈಮ್ ಕೊಡುವುದಿಲ್ಲ.

ನಾನು, ಮಗ, ಮೇಲಿನ ಮನೆಯ ಹುಡುಗರು ವಾರದಿಂದ ‘ಎಲ್ ಪ್ರೆಸಿಡೆಂಟೆ’ ಎಂಬ ಸರಣಿಯ ಮೊದಲ ಸೀಸನ್ ನೋಡುತ್ತಿದ್ದೆವು. ಚಿಲಿಯ ಲಾ ಕಲೇರಾ ಎಂಬ ಸಣ್ಣ ಊರಿನ ಕ್ಲಬ್ಬಿನಿಂದ ಬಂದ ಸೆರ್ಹಿಯೊ ಹಾದುವೆ ಇಡೀ ದೇಶದ ಫುಟ್‌ಬಾಲ್ ಸಂಸ್ಥೆಗೆ ಅಧ್ಯಕ್ಷನಾಗಿ, ಲಂಚಕ್ಕೆ ಕೈಚಾಚಿ, ಕೊನೆಗೆ ಅಮೆರಿಕದ ತನಿಖಾ ಸಂಸ್ಥೆ ಎಫ್‌ಬಿಐ ಮುಂದೆ ಬಾಯಿಬಿಟ್ಟ ಕಥೆ. ಹೇಳುವವನು ಅರ್ಜೆಂಟೀನಾ ಫುಟ್‌ಬಾಲ್ ಸಂಸ್ಥೆಯ ಅಧ್ಯಕ್ಷನಾಗಿದ್ದ ಗ್ರೊಂಡೋನಾ, ಅದೂ ಸತ್ತ ಮೇಲೆ! ಎಂಟನೆಯ, ಅಂದರೆ ಕೊನೆಯ ಎಪಿಸೋಡನ್ನು ಭಾನುವಾರಕ್ಕೆಂದೇ ಉಳಿಸಿಕೊಂಡಿದ್ದೆವು. ಮಂಡಕ್ಕಿ ಒಗ್ಗರಣೆ ಇನ್ನೂ ಬಿಸಿ ಆರಿರಲಿಲ್ಲ, ಟೀವಿ ಕಪ್ಪಾಯಿತು.

ಯುಪಿಎಸ್‌ಗೆ ಎರಡು ದೀಪ, ಒಂದು ಫ್ಯಾನ್ ಮಾತ್ರ. ಅದೂ ಹತ್ತು ಗಂಟೆಗೆ ಕೀಂಯ್ ಎಂದು ಮಲಗಿತು. ಮೊಬೈಲಿನಲ್ಲಿ ನೋಡೋಣವೆಂದರೆ ಚಾರ್ಜ್ ಇಲ್ಲ. ದೋಸೆ ಹಿಟ್ಟು ಗ್ರೈಂಡರಿನಲ್ಲೇ ಅರ್ಧಂಬರ್ಧ ನಿಂತಿತು. ಅಮ್ಮ ಕತ್ತಲಲ್ಲಿ ಹೊಸಿಲು ಎಡವಿದರು. ದೂರು ನಂಬರಿಗೆ ಹನ್ನೊಂದು ಸಲ ಫೋನ್ ಮಾಡಿದೆ. ಒಮ್ಮೆ ಎತ್ತಿದ ಪುಣ್ಯಾತ್ಮ, ‘ಕೆಲಸ ನಡೀತಾ ಇದೆ ಸಾರ್’ ಎಂದು ಇಟ್ಟುಬಿಟ್ಟ. ಬೆಳಿಗ್ಗೆ ಹೋಗಿ ನೋಡಿದರೆ ಟ್ರಾನ್ಸ್‌ಫಾರ್ಮರ್ ಮೇಲೆ ಮುರಿದ ಕೊಂಬೆಯೊಂದು ಹಾಗೇ ಜೋತಾಡುತ್ತಿತ್ತು.

ಆ ಸರಣಿಯ ಲಂಚದ ಹಗರಣದಲ್ಲೇ 2015ರ ಮೇ 27ರ ಮುಂಜಾನೆ ಸ್ವಿಟ್ಜರ್ಲೆಂಡಿನ ಜೂರಿಕ್‌ನ ಐಷಾರಾಮಿ ಹೋಟೆಲಿನಲ್ಲಿ ಫುಟ್‌ಬಾಲ್ ಅಧಿಕಾರಿಗಳನ್ನು ಪೊಲೀಸರು ಹಿಡಿದೊಯ್ದಾಗ, ಸಿಬ್ಬಂದಿ ಬಿಳಿ ಬೆಡ್‌ಶೀಟ್ ಅಡ್ಡ ಹಿಡಿದು ಅವರ ಮುಖ ಮುಚ್ಚಿದ್ದರು. ನಮ್ಮಲ್ಲಿ ಆ ಖರ್ಚೂ ಇಲ್ಲ. ಕರೆಂಟ್ ತೆಗೆದರಾಯಿತು, ಯಾರ ಮುಖವೂ ಕಾಣುವುದಿಲ್ಲ. ಅಮೆರಿಕದವರು 24 ವರ್ಷದ, 15 ಕೋಟಿ ಡಾಲರಿಗೂ ಜಾಸ್ತಿ ಲಂಚದ ಲೆಕ್ಕ ಬಿಚ್ಚಿಟ್ಟರು. ನಮಗೆ ಒಂದು ಫ್ಯೂಸ್ ಯಾಕೆ ಹೋಯಿತೆಂದು ಹೇಳುವವರಿಲ್ಲ.

ಫುಟ್‌ಬಾಲ್ ಎಂದಾಗ ನೆನಪಾಯಿತು. ನಮ್ಮ ಮೈದಾನದ ಗೇಟಿಗೆ ಮೂರು ವರ್ಷದಿಂದ ಬೀಗ. ಕೀ ಕೇಳಿದರೆ ಎಂಜಿನಿಯರ್ ಕಡೆ ಬೆರಳು, ಎಂಜಿನಿಯರ್ ಸದಾ ಮೀಟಿಂಗಿನಲ್ಲಿ. ಮದುವೆ ಶಾಮಿಯಾನದ ಲಾರಿ ಬಂದರೆ ಮಾತ್ರ ಗೇಟು ತಾನಾಗಿ ತೆರೆದುಕೊಳ್ಳುತ್ತದೆ. ಅಲ್ಲಿನ ದೀಪಗಳೋ, ಉರಿಯುವುದು ಮಟಮಟ ಮಧ್ಯಾಹ್ನ! 2022ರ ಆಗಸ್ಟ್‌ನಲ್ಲಿ ವಿಶ್ವ ಫುಟ್‌ಬಾಲ್ ಸಂಸ್ಥೆ ಫಿಫಾ ನಮ್ಮ ದೇಶದ ಫುಟ್‌ಬಾಲ್ ಸಂಸ್ಥೆಯನ್ನೇ ಅಮಾನತು ಮಾಡಿದಾಗ, ಗೋಕುಲಂ ಕೇರಳ ತಂಡದ ಹುಡುಗಿಯರು ತಾಷ್ಕೆಂಟ್‌ವರೆಗೆ ಹೋಗಿ ಆಡದೇ ವಾಪಸ್ ಬಂದರು. ಕುರ್ಚಿ ಜಗಳ ಯಾರದ್ದೋ, ಪೆಟ್ಟು ಆಡುವವರಿಗೆ.

ಸಂಬಂಧಪಟ್ಟವರು ಕೂಡಲೇ ಏನಾದರೂ ಮಾಡಬೇಕು. ಆ ಕೊಂಬೆ ತೆಗೆಸಿ, ಇಲ್ಲವೇ ಮೈದಾನದ ಕೀ ಕೊಡಿ. ಎರಡೂ ಆಗದಿದ್ದರೆ ಆ ದೂರು ನಂಬರನ್ನಾದರೂ ಬೋರ್ಡಿನಿಂದ ಅಳಿಸಿ. ಸೋಮವಾರ ಕಾಲೇಜು ಬಸ್ಸಿನಲ್ಲಿ ಯಾರೋ ಮಗನಿಗೆ ಕೊನೆಯ ಎಪಿಸೋಡ್ ಪೂರ್ತಿ ಹೇಳಿಬಿಟ್ಟಿದ್ದಾನೆ. ಅವನು ನನಗೂ ಹೇಳಿದ. ಇದಕ್ಕೆ ಯಾರು ಹೊಣೆ?

— ನೊಂದ ಗ್ರಾಹಕ, ಬೆಂಗಳೂರು